ಸುತ್ತೋಲೆ ಯಾರು ಯಾರಿಗೆ?



ಯಾವುದಾದರೊಂದು ಸರ್ಕಾರಿ ಸುತ್ತೋಲೆಯನ್ನು ಕೈಗೆತ್ತಿಕೊಂಡು, ಅದರ ವಿಷಯವನ್ನೂ ಉಲ್ಲೇಖವನ್ನೂ ಒಕ್ಕಣೆಯನ್ನೂ ದಾಟಿ, ಅಧಿಕಾರಿಯ ಸಹಿಯ ಕೆಳಗೆ ಕಣ್ಣು ಹಾಯಿಸಿದಿರಾದರೆ, ಅಲ್ಲಿ ಅಂಕೆ ಹಾಕಿ ಬರೆದ ಸಾಲೊಂದು ಕಾಣುತ್ತದೆ: ಇಂಥ ಇಲಾಖೆಯ ಕಾರ್ಯದರ್ಶಿಯವರಿಗೆ, ಇಂಥಿಂಥ ಜಿಲ್ಲೆಯ ಅಧಿಕಾರಿಗಳಿಗೆ, ಲೆಕ್ಕಪತ್ರ ಶಾಖೆಗೆ, ಸೂಚನಾ ಫಲಕಕ್ಕೆ, ಕಟ್ಟಕಡೆಗೆ ರಕ್ಷಾ ಕಡತಕ್ಕೆ ಮತ್ತು ಹೆಚ್ಚುವರಿ ಪ್ರತಿ. ಹೊರಗಿನವರು ಓದದೆ ಬಿಡುವ ಭಾಗವಿದು. ಕಛೇರಿಯ ಬಾಳನ್ನು ಬಲ್ಲವರಾದರೋ ಮೊದಲು ಓದುವುದು ಇದನ್ನೇ. ಏಕೆಂದರೆ ಏನಾಗಬೇಕೆಂಬುದನ್ನು ಒಕ್ಕಣೆಯು ತಿಳಿಸಿದರೆ, ಅದು ಯಾರಿಗೆಲ್ಲ ಗೊತ್ತಾಗಬೇಕು, ಯಾರಿಗೆ ಗೊತ್ತಾಗಕೂಡದು, ಮುಂದೊಂದು ದಿನ "ನನಗೆ ತಿಳಿದಿರಲಿಲ್ಲ" ಎಂದು ಹೇಳಿಕೊಳ್ಳುವ ಹಕ್ಕು ಯಾರಿಗೆ ಉಳಿಯಿತು, ಯಾರಿಂದ ತಪ್ಪಿತು ಎಂಬುದನ್ನೆಲ್ಲ ಅಡಿಯಲ್ಲಿರುವ ಈ ಸಾಲು ಸದ್ದಿಲ್ಲದೆ ನಿಶ್ಚಯಿಸಿಬಿಟ್ಟಿರುತ್ತದೆ.

ಬೆರಳಚ್ಚು ಯಂತ್ರದ ಕಾಲದಲ್ಲಿ ಈ ಸಾಲಿಗೆ ಸಹಜವಾದ ಒಂದು ಮಿತಿಯಿದ್ದಿತು. ಕಾರ್ಬನ್ ಕಾಗದವನ್ನು ಎಷ್ಟೇ ಎಚ್ಚರದಿಂದ ಜೋಡಿಸಿದರೂ ಐದಾರನೆಯ ಪ್ರತಿಯ ಹೊತ್ತಿಗೆ ಅಕ್ಷರಗಳು ಮಸುಕಾಗಿ, ಅದಕ್ಕಿಂತ ಹೆಚ್ಚು ಬೇಕೆಂದರೆ ಸ್ಟೆನ್ಸಿಲ್ ಕೊರೆದು ಸೈಕ್ಲೋಸ್ಟೈಲ್ ಯಂತ್ರದ ಮೊರೆಹೋಗಬೇಕಾಗಿತ್ತು. ಪ್ರತಿಯೊಂದು ಪ್ರತಿಗೂ ಲಕೋಟೆ, ಲಕೋಟೆಗೆ ವಿಳಾಸ, ವಿಳಾಸಕ್ಕೆ ಜಾವಕ ವಹಿಯಲ್ಲಿ ಒಂದು ನಮೂದು, ಆಮೇಲೆ ಟಪಾಲು ಪುಸ್ತಕವನ್ನು ಕಂಕುಳಲ್ಲಿಟ್ಟುಕೊಂಡು ಹೊರಡುವ ಜವಾನ. ಇಷ್ಟು ಶ್ರಮ ಹಿಡಿಯುವ ಕೆಲಸವಾದಕಾರಣ, ಹೆಸರೊಂದನ್ನು ಸೇರಿಸುವ ಮುನ್ನ ಗುಮಾಸ್ತನು, ಇವರಿಗೆ ಇದು ನಿಜವಾಗಿ ಬೇಕೆ ಎಂದು ತನ್ನ ಬೆರಳುಗಳ ಮೇಲಿನ ಕನಿಕರದಿಂದಲಾದರೂ ಕೇಳಿಕೊಳ್ಳುತ್ತಿದ್ದನು. ಊರಿಂದ ವರ್ಗವಾಗಿ ಹೋದವರ ಲಕೋಟೆಯು "ಸದರಿಯವರು ಇಲ್ಲಿಲ್ಲ" ಎಂಬ ಷರಾ ಹೊತ್ತು ಹಿಂದಿರುಗಿದಾಗ ಪಟ್ಟಿ ತಾನಾಗಿಯೇ ತಿದ್ದುಪಡಿಯಾಗುತ್ತಿತ್ತು.

ಈಗ ಆ ಶ್ರಮವಿಲ್ಲ. ಇಮೇಲ್ ಎಂದು ಎಲ್ಲರೂ ಕರೆಯುವ ಮಿಂಚಂಚೆಯು, 1971ರಲ್ಲಿ ರೇ ಟಾಮ್ಲಿನ್‌ಸನ್ ಎಂಬ ಅಮೆರಿಕದ ಇಂಜಿನಿಯರು ಒಂದು ಗಣಕದಿಂದ ಮತ್ತೊಂದಕ್ಕೆ ಓಲೆಯನ್ನು ಕಳುಹಿಸಿ, ವ್ಯಕ್ತಿಯ ಹೆಸರಿಗೂ ಯಂತ್ರದ ಹೆಸರಿಗೂ ನಡುವೆ ಇಂದು ಎಲ್ಲರಿಗೂ ಪರಿಚಿತವಾದ ಆ ಸುರುಳಿ ಚಿಹ್ನೆಯನ್ನಿಟ್ಟಂದಿನಿಂದ ಬೆಳೆಯುತ್ತ ಬಂದು, ಬಹುಜನರಿಗೆ ಏಕಕಾಲದಲ್ಲಿ ಓಲೆಯನ್ನು ಹಂಚುವ ಉಪಾಯವನ್ನೂ ಬೇಗನೆ ಕಂಡುಕೊಂಡಿತು. ಒಂದೇ ವಿಳಾಸ, ಅದರ ಹಿಂದೆ ಹತ್ತೋ ನೂರೋ ಸಾವಿರವೋ ಹೆಸರುಗಳು. ನಮ್ಮ ಕಛೇರಿಗಳಲ್ಲಿ ಇದನ್ನು ಗ್ರೂಪ್ ಐಡಿ ಎನ್ನುತ್ತಾರೆ, ನಾನು ಸಮೂಹವಿಳಾಸವೆನ್ನುತ್ತೇನೆ. ಮೊದಮೊದಲು ಇಂಥ ಸಮೂಹಗಳಿಗೆ ಹೆಸರು ಸೇರಿಸುವುದೂ ತೆಗೆಯುವುದೂ ಯಾರೋ ಒಬ್ಬರು ಕುಳಿತು ಕೈಯಾರೆ ಮಾಡಬೇಕಾದ ಕೆಲಸವಾಗಿತ್ತು. ಕೋರಿಕೆಗಳು ರಾಶಿ ಬಿದ್ದು ದಿನಗಟ್ಟಲೆ ಕಾಯುತ್ತಿದ್ದುವು. 1986ರಲ್ಲಿ ಪ್ಯಾರಿಸ್ಸಿನಲ್ಲಿ ಓದುತ್ತಿದ್ದ ಎರಿಕ್ ತೋಮಾ ಎಂಬ ಇಂಜಿನಿಯರಿಂಗ್ ವಿದ್ಯಾರ್ಥಿಯು ಈ ವಿಳಂಬಕ್ಕೆ ಬೇಸತ್ತವರ ಪರವಾಗಿ ಒಂದು ಕ್ರಮವಿಧಿಯನ್ನು ಬರೆದು, ಬೇಕಾದವರು ತಾವೇ ಸೇರಿಕೊಳ್ಳುವಂತೆಯೂ ಬೇಡವಾದವರು ತಾವೇ ಬಿಡುವಂತೆಯೂ ಏರ್ಪಡಿಸಿದನು.

ಹವ್ಯಾಸಕ್ಕೆಂದು ಕೂಡಿದ ಗೋಷ್ಠಿಗಳಿಗೆ ಆ ಏರ್ಪಾಡು ಬಹು ಸೊಗಸಾಗಿ ಒಪ್ಪಿತು. ಆದರೆ ಕಛೇರಿಯೆಂಬುದು ಇಚ್ಛೆಯಿಂದ ಸೇರುವ ಗೋಷ್ಠಿಯಲ್ಲವಷ್ಟೆ. ಕಛೇರಿಯ ಸಮೂಹದಲ್ಲಿ ಒಬ್ಬನಿರುವುದು ಅವನ ಆಸಕ್ತಿಯ ದೆಸೆಯಿಂದಲ್ಲ, ಹುದ್ದೆಯ ದೆಸೆಯಿಂದ. ಅವನು ಬಿಡಬೇಕಾದುದೂ ಬೇಸರವಾದಾಗಲಲ್ಲ, ಹುದ್ದೆಯು ಬದಲಾದಾಗ. ಯಂತ್ರಕ್ಕೆ ಸೇರಿಸುವುದೂ ಗೊತ್ತು, ತೆಗೆಯುವುದೂ ಗೊತ್ತು. ಯಾರನ್ನು ಎಂಬುದು ಮಾತ್ರ ಗೊತ್ತಿಲ್ಲ. ಆ ನಿರ್ಣಯವನ್ನು ಯಂತ್ರದ ಜತೆಗೇ ಯಂತ್ರ ನೋಡಿಕೊಳ್ಳುವವರಿಗೂ ಒಪ್ಪಿಸಿ ಕೈತೊಳೆದುಕೊಂಡದ್ದರಿಂದಲೇ ನಮ್ಮ ಬಹುಪಾಲು ತೊಡಕುಗಳು ಹುಟ್ಟಿದುವೆಂದು ನನ್ನ ಎಣಿಕೆ.

ಪಟ್ಟಿಯು ಅಳತೆ ಮೀರಿದರೆ ಏನಾಗುತ್ತದೆಂಬುದಕ್ಕೆ ಇಂಗ್ಲೆಂಡಿನ ರಾಷ್ಟ್ರೀಯ ಆರೋಗ್ಯ ಸೇವೆಯು ಒಂದು ನಿದರ್ಶನವನ್ನು ಒದಗಿಸಿದೆ. 2016ರ ನವೆಂಬರ್ 14ರಂದು, ಲಂಡನ್ನಿನ ದಕ್ಷಿಣಕ್ಕಿರುವ ಕ್ರಾಯ್ಡನ್ನಿನಲ್ಲಿ, ಸ್ಥಳೀಯ ನೌಕರರಿಗಷ್ಟೇ ಎಂದುಕೊಂಡು ನಿರ್ಮಿಸಿದ ಸಮೂಹವೊಂದರೊಳಕ್ಕೆ ವ್ಯವಸ್ಥೆಯ ದೋಷದಿಂದ ಆ ಸೇವೆಯ 8 ಲಕ್ಷಕ್ಕೂ ಮೀರಿದ ವಿಳಾಸಗಳು ಬಂದು ಸೇರಿಕೊಂಡುವು. ಪರೀಕ್ಷಾರ್ಥವಾಗಿ ಹೋದದ್ದು ಒಂದೇ ಒಂದು ಓಲೆ. ಅದನ್ನು ಕಂಡು ಬೆರಗಾದವರು, "ಇದೇಕೆ ನನಗೆ ಬಂತು?" ಎಂದು ಎಲ್ಲರಿಗೂ ಉತ್ತರ ಬರೆದರು, ಆ ಉತ್ತರಗಳನ್ನು ಕಂಡು ರೇಗಿದವರು, "ದಯವಿಟ್ಟು ಎಲ್ಲರಿಗೂ ಉತ್ತರ ಬರೆಯಬೇಡಿ" ಎಂದು ಎಲ್ಲರಿಗೂ ಉತ್ತರ ಬರೆದರು. ಕೋಟಿಗಟ್ಟಲೆ ಓಲೆಗಳ ಭಾರಕ್ಕೆ ಟಪಾಲೆಲ್ಲ ನಿಧಾನವಾಗಿ, ರೋಗಿಗಳ ಕೆಲಸಕ್ಕೆ ಬೇಕಾದ ಪತ್ರಗಳೂ ತಡವಾದುವು. ಇದಕ್ಕೂ ಮೊದಲು, 2009ರ ಜನವರಿಯಲ್ಲಿ, ಅಮೆರಿಕದ ವಿದೇಶಾಂಗ ಇಲಾಖೆಯು ಇಂಥದೇ ಒಂದು ಪ್ರವಾಹದಲ್ಲಿ ಸಿಕ್ಕಿ, ಎಲ್ಲರಿಗೂ ಉತ್ತರ ಬರೆಯುವವರ ಮೇಲೆ ಶಿಸ್ತಿನ ಕ್ರಮ ಜರುಗಿಸುವುದಾಗಿ ತನ್ನ ರಾಜತಾಂತ್ರಿಕರನ್ನೇ ಎಚ್ಚರಿಸಬೇಕಾಯಿತು. ಸಂಯಮದ ಭಾಷೆಯಲ್ಲಿ ಪರಿಣತರಾದವರಿಗೂ ಒಂದು ಗುಂಡಿಯನ್ನು ಒತ್ತದೆ ಇರುವ ಸಂಯಮ ಕಷ್ಟವಾಯಿತೆಂದರೆ, ನಮ್ಮಂಥವರ ಮಾತೇನು?

ಇವೆಲ್ಲ ದೊಡ್ಡ ಅನರ್ಥಗಳು, ಆದಕಾರಣವೇ ವಿರಳವಾದವು. ಇವುಗಳಿಗೆ ಪರಿಹಾರವೂ ಸುಲಭ. ಸಮೂಹವಿಳಾಸದಿಂದ ಓಲೆ ಪಡೆಯುವ ಅಧಿಕಾರ ಬೇರೆ, ಅದಕ್ಕೆ ಓಲೆ ಕಳುಹಿಸುವ ಅಧಿಕಾರ ಬೇರೆ; ಮೊದಲನೆಯದನ್ನು ಸಾವಿರ ಜನಕ್ಕೆ ಕೊಟ್ಟು ಎರಡನೆಯದನ್ನು ಇಬ್ಬರು ಮೂವರಿಗೆ ಸೀಮಿತಗೊಳಿಸಿದರೆ ಪ್ರವಾಹ ನಿಂತುಹೋಗುತ್ತದೆ. ನಾನಿಂದು ಹೇಳಹೊರಟದ್ದು ನಿತ್ಯದ, ಸದ್ದಿಲ್ಲದ ಕ್ಷೀಣತೆಯನ್ನು ಕುರಿತು: ಇರಬಾರದವರು ಇರುತ್ತಾರೆ, ಇರಬೇಕಾದವರು ಇರುವುದಿಲ್ಲ, ಮತ್ತು ಯಾರಿದ್ದಾರೆಂಬುದು ಯಾರಿಗೂ ತಿಳಿಯದು.

ಇರಬಾರದವರು ಏಕೆ ಇರುತ್ತಾರೆ? ನಮ್ಮಲ್ಲಿ ಪ್ರತಿ ಬರುವುದೆಂದರೆ ಒಂದು ಮರ್ಯಾದೆ. ಮದುವೆಯ ಆಮಂತ್ರಣ ಪತ್ರಿಕೆ ಹಂಚುವಾಗ ದೂರದ ದಾಯಾದಿಯೊಬ್ಬನನ್ನು ಬಿಟ್ಟರೆ, ಅವನು ಹೇಗೂ ಬರುವವನಲ್ಲವಾದರೂ, ಮೂರು ತಲೆಮಾರಿನವರೆಗೆ ಆ ಲೋಪವು ನೆನಪಿನಲ್ಲುಳಿಯುವಂತೆ, ಕಛೇರಿಯಲ್ಲಿಯೂ ಸಮೂಹದಿಂದ ಹೊರಗುಳಿದವನು ತನಗೆ ಬೇಕಿಲ್ಲದ ಓಲೆಯ ವಿಷಯವಾಗಿ ಬೇಕಾದಷ್ಟು ನೊಂದುಕೊಳ್ಳುತ್ತಾನೆ. "ನಮ್ಮನ್ನೇಕೆ ಗ್ರೂಪಿಗೆ ಹಾಕಿಲ್ಲ?" ಎಂಬ ಪ್ರಶ್ನೆಯು ಎಷ್ಟೋ ವೇಳೆ ಕೆಲಸದ ಅವಶ್ಯಕತೆಯಿಂದ ಹುಟ್ಟಿದುದಲ್ಲ, ಪಕ್ಕದ ಶಾಖೆಯವರನ್ನು ಹಾಕಿದ್ದಾರಲ್ಲಾ ಎಂಬುದರಿಂದ ಹುಟ್ಟಿದುದು. ಹೀಗೆ ದಾಕ್ಷಿಣ್ಯಕ್ಕೆ ಒಬ್ಬರು, ಮರ್ಯಾದೆಗೆ ಮತ್ತೊಬ್ಬರು, ಸುರಕ್ಷತೆಗೆಂದು ಮೇಲಿನವರಿಬ್ಬರು ಸೇರುತ್ತ ಹೋಗಿ, ಹತ್ತು ಜನರ ಯೋಚನಾ ಸಮೂಹವು ಅರವತ್ತು ಜನರ ಸಂತೆಯಾದ ಮೇಲೆ ಅಲ್ಲಿ ಯಾರೂ ಮನಬಿಚ್ಚಿ ಬರೆಯುವುದಿಲ್ಲ. ನಿಜವಾದ ಮಾತುಕತೆಗೆ ಹತ್ತು ಜನರ ಹೊಸ ಸಮೂಹವೊಂದು ಗುಟ್ಟಾಗಿ ಏರ್ಪಡುತ್ತದೆ, ಮತ್ತು ಆ ಹಳೆಯ ವೃದ್ಧಿಕ್ರಮವು ಅಲ್ಲಿಯೂ ಆರಂಭವಾಗುತ್ತದೆ.

  

ಸೇರಿಸುವುದಕ್ಕಾದರೋ ಕೇಳುವವರಿರುತ್ತಾರೆ, ತೆಗೆಯಿರೆಂದು ಯಾರೂ ಕೇಳುವುದಿಲ್ಲ. ನಾನು ಬಲ್ಲ ಕಛೇರಿಯೊಂದರಲ್ಲಿ, ನಿವೃತ್ತರಾಗಿ ಬಹುಕಾಲ ಸಂದಿದ್ದ ಶಿರಸ್ತೇದಾರರೊಬ್ಬರಿಗೆ ಶಾಖೆಯ ಓಲೆಗಳೆಲ್ಲ ಯಥಾಪ್ರಕಾರ ಹೋಗುತ್ತಿದ್ದುವು. ಅದು ಬೆಳಕಿಗೆ ಬಂದ ಬಗೆ ಹೀಗೆ: ಕರಡು ಪತ್ರವೊಂದರಲ್ಲಿ ನಿಯಮದ ಸಂಖ್ಯೆ ತಪ್ಪಾಗಿ ಬಿದ್ದಿದ್ದುದನ್ನು ಅವರು ತಡೆಯಲಾರದೆ ತಿದ್ದಿ ಎಲ್ಲರಿಗೂ ಕಳುಹಿಸಿಬಿಟ್ಟರು. ತಿದ್ದಿದ್ದು ಸರಿಯಾಗಿಯೇ ಇತ್ತೆಂಬುದು ಮುಜುಗರವನ್ನು ಇಮ್ಮಡಿಗೊಳಿಸಿತು. ಹೊಸ ಗುಮಾಸ್ತನು ದೂರವಾಣಿಯಲ್ಲಿ ಸಂಕೋಚದಿಂದಲೇ, "ಸಾರ್, ತಮ್ಮ ಹೆಸರು ಇನ್ನೂ ಇರೋದು ನಮಗೆ ಗೊತ್ತೇ ಇರಲಿಲ್ಲ, ತೆಗೆದುಬಿಡಲೇ?" ಎಂದು ವಿಚಾರಿಸಿದನಂತೆ. ಅವರು ಸ್ವಲ್ಪ ತಡೆದು, "ತೆಗೀರಪ್ಪ, ಅದೇ ಸರಿ. ನಾನೇ ಹೇಳಬೇಕಾಗಿತ್ತು, ಬೆಳಗ್ಗೆ ಎದ್ದು ಓದೋಕೆ ಒಂದಿಷ್ಟು ಇರ್ತಿತ್ತು ಅಂತ ಸುಮ್ಮನಿದ್ದೆ" ಎಂದರಂತೆ.

ಆ ಉತ್ತರವನ್ನು ಕೇಳಿ ಮನಸ್ಸು ಮೃದುವಾಗದೆ ಇರದು. ಆದರೂ, ಅದೇ ಸಮೂಹಕ್ಕೆ ಈ ನಡುವೆ ಹೋಗಿದ್ದ ಓಲೆಗಳಲ್ಲಿ ಒಬ್ಬರ ಬಡ್ತಿಯ ವಿಚಾರವಿತ್ತು, ಇನ್ನೊಬ್ಬರ ಮೇಲಿನ ದೂರಿತ್ತು, ಟೆಂಡರಿನ ಷರತ್ತುಗಳ ಚರ್ಚೆಯಿತ್ತು. ಶಿರಸ್ತೇದಾರರು ಸಜ್ಜನರಾದುದು ಕಛೇರಿಯ ಭಾಗ್ಯವೇ ಹೊರತು ವ್ಯವಸ್ಥೆಯ ಗುಣವಲ್ಲ. ತೆಗೆಯುವುದನ್ನು ಅಗೌರವವೆಂದು ಭಾವಿಸಿ ಮುಂದೂಡುತ್ತ ಹೋದರೆ, ಉಳಿದ ನೂರು ಜನರ ಗುಟ್ಟನ್ನು ಒಬ್ಬರ ಮನಸ್ಸಿನ ಸಮಾಧಾನಕ್ಕಾಗಿ ಒತ್ತೆಯಿಟ್ಟಂತಾಗುವುದು.

ಹಾಗಾದರೆ ತೆಗೆಯುವುದೆಂದು? ಇದಕ್ಕೆ ಉತ್ತರವನ್ನು ಬಹಳ ದೂರ ಹುಡುಕಬೇಕಾಗಿಲ್ಲ. ಕಛೇರಿಯಲ್ಲಿ ಎಂದೂ ತಪ್ಪಾಗದ, ಅಥವಾ ತಪ್ಪಾದರೆ ಮರುತಿಂಗಳೇ ಬಯಲಾಗುವ ಪಟ್ಟಿಯೊಂದಿದೆ. ಅದು ವೇತನದ ಬಿಲ್ಲು. ವರ್ಗಾವಣೆಯಾದ ನೌಕರನಿಗೆ ಕೊನೆಯ ವೇತನ ಪ್ರಮಾಣಪತ್ರ, ಗುಮಾಸ್ತರ ಬಾಯಲ್ಲಿ ಎಲ್.ಪಿ.ಸಿ., ಹೋಗದಿದ್ದರೆ ಹೊಸ ಜಾಗದಲ್ಲಿ ಅವನಿಗೆ ಸಂಬಳವಿಲ್ಲ. ಹಳೆಯ ಜಾಗದಲ್ಲಿ ಹೆಸರನ್ನು ಉಳಿಸಿಕೊಂಡರೆ ಲೆಕ್ಕಪರಿಶೋಧಕರು ಬಿಡುವವರಲ್ಲ. ಹಣವು ಪಾಲಿಸುವ ಈ ಶಿಸ್ತಿಗೆ ಮಾಹಿತಿಯನ್ನೂ ಕಟ್ಟಿಹಾಕಬೇಕು: ಯಾವ ಗುಮಾಸ್ತನು ಎಲ್.ಪಿ.ಸಿ. ಸಿದ್ಧಪಡಿಸುವನೋ ಅವನೇ, ಅದೇ ದಿನ, ಅದೇ ಕೈಯಿಂದ, ಸಮೂಹವಿಳಾಸದಿಂದ ಹೆಸರು ತೆಗೆಯಿಸತಕ್ಕದ್ದು. ನಮ್ಮ ರಾಜ್ಯದ ನೌಕರರು 60 ವರ್ಷ ತುಂಬಿದ ತಿಂಗಳ ಕೊನೆಯ ದಿನದ ಅಪರಾಹ್ನ ನಿವೃತ್ತರಾಗುವುದರಿಂದ, ತಿಂಗಳ ಕೊನೆಯ ದಿನವು ಹಾರ ಶಾಲುಗಳ ದಿನವಾಗಿರುವಂತೆಯೇ ಪಟ್ಟಿಯ ದಿನವೂ ಆಗಲಿ. ಪ್ರಭಾರ ಹಸ್ತಾಂತರದ ವರದಿಯಲ್ಲಿ ಬೀರುವಿನ ಬೀಗದ ಕೈಯಿಂದ ಹಿಡಿದು ಗೋಡೆಯ ಗಡಿಯಾರದವರೆಗೆ ಎಲ್ಲವನ್ನೂ ನಮೂದಿಸಿ ಸಹಿ ಹಾಕುವ ನಾವು, ಇಂಥಿಂಥ ಸಮೂಹಗಳಿಂದ ಬಿಡುಗಡೆ ಹೊಂದಿದೆನು, ಇಂಥಿಂಥವುಗಳ ಯಜಮಾನಿಕೆಯನ್ನು ಇವರಿಗೆ ಒಪ್ಪಿಸಿದೆನು ಎಂಬ ಎರಡು ಸಾಲುಗಳನ್ನು ಸೇರಿಸಿದರೆ ಕಾಗದವೇನೂ ಸಾಲದಾಗುವುದಿಲ್ಲ.

ಎರಡನೆಯ ಸಾಲು ಮೊದಲನೆಯದಕ್ಕಿಂತ ಮುಖ್ಯವಾದುದು. ಸದಸ್ಯನೊಬ್ಬನು ಹೋದರೆ ಒಂದು ಹೆಸರು ಹಳಸುತ್ತದೆ. ಯಜಮಾನನೇ ಹೋದರೆ ಸಮೂಹವೇ ಅನಾಥವಾಗುತ್ತದೆ. ಓಲೆಗಳು ಬರುತ್ತಲೇ ಇರುತ್ತವೆ, ಸೇರಿಸುವುದಕ್ಕಾಗಲಿ ತೆಗೆಯುವುದಕ್ಕಾಗಲಿ ಅಧಿಕಾರವುಳ್ಳವರು ಯಾರೂ ಇರುವುದಿಲ್ಲ. ಆದ್ದರಿಂದ ಯಜಮಾನರು ಇಬ್ಬರಿರಬೇಕು, ಮತ್ತು ಅವರಿಬ್ಬರೂ ಒಂದೇ ವರ್ಗಾವಣೆಯ ಆದೇಶದಲ್ಲಿ ಹೋಗದಂಥವರಾಗಿರಬೇಕು. ಬೇಸಿಗೆಯ ಸಾರ್ವತ್ರಿಕ ವರ್ಗಾವಣೆಯನ್ನು ಕಂಡವರಿಗೆ ಈ ಮಾತಿನ ಅರ್ಥವನ್ನು ಬಿಡಿಸಿ ಹೇಳಬೇಕಾಗಿಲ್ಲ.

ಹುದ್ದೆಗೇ ವಿಳಾಸ ಕೊಟ್ಟುಬಿಟ್ಟರೆ ಈ ಗೋಜೆಲ್ಲ ಏಕೆ ಎಂದು ಕೆಲವರು ಕೇಳುತ್ತಾರೆ. ಕೇಂದ್ರ ಸರ್ಕಾರವು 2015ರಲ್ಲಿ ಪ್ರಕಟಿಸಿದ ಮಿಂಚಂಚೆಯ ನೀತಿಯಲ್ಲಿ, ವ್ಯಕ್ತಿಯ ಹೆಸರಿನ ವಿಳಾಸದ ಜತೆಗೆ ಹುದ್ದೆಯ ಹೆಸರಿನ ವಿಳಾಸಕ್ಕೂ ಸ್ಥಾನವಿತ್ತು. ಅಧಿಕಾರಿಯು ಹೋಗುವಾಗ ಅದನ್ನು ಮುಂದಿನವರಿಗೆ ಒಪ್ಪಿಸಿ ಹೋಗಬೇಕಾಗಿತ್ತು. ಉತ್ತಮವಾದ ಏರ್ಪಾಡು, ತಹಸೀಲ್ದಾರರು ಬದಲಾದರೂ ತಹಸೀಲ್ದಾರರಿಗೆ ಬರೆದ ಓಲೆ ತಹಸೀಲ್ದಾರರನ್ನೇ ಸೇರುತ್ತದೆ. ಆದರೆ ಹುದ್ದೆಯೆಂಬುದು ತಾನೇ ಓದುವುದಿಲ್ಲವಾದಕಾರಣ, ಪ್ರವೇಶಪದವು ಚೀಟಿಯ ಮೇಲೆ ಬರೆದು ಮೇಜಿನ ಗಾಜಿನಡಿಯಲ್ಲಿ ಇಡಲ್ಪಟ್ಟು, ಹಿಂದಿನವರು, ಅವರ ಹಿಂದಿನವರು, ಆಪ್ತ ಸಹಾಯಕರು, ರಜೆಯಲ್ಲಿ ಬದಲಿಗೆ ಬಂದವರು ಎಲ್ಲರೂ ತಿಳಿದಿರತಕ್ಕ ಪರಮರಹಸ್ಯವಾಗಿಬಿಡುವುದೂ ಉಂಟು.

ಇನ್ನು ಹುದ್ದೆಯ ಸೂತ್ರಕ್ಕೆ ಸುಲಭವಾಗಿ ಸಿಕ್ಕದವರು. ಹೆರಿಗೆಯ ರಜೆಯ ಮೇಲೆ 180 ದಿನ ಹೋಗುವ ನೌಕರಳನ್ನು ಸಮೂಹದಿಂದ ತೆಗೆಯಬೇಕೆ? ಕೆಲವೆಡೆ ತೆಗೆದುಬಿಡುತ್ತಾರೆ, ಹಿಂದಿರುಗಿದಾಗ ಸೇರಿಸಲು ಮರೆಯುತ್ತಾರೆ. ಆಕೆ ಮರಳಿ ಬಂದ ವಾರದಲ್ಲಿ ಸಭೆಯ ಸುದ್ದಿ ಸಭೆ ಮುಗಿದ ಮೇಲೆ ತಿಳಿಯುತ್ತದೆ. ಇಟ್ಟುಕೊಳ್ಳುವುದೇ ಸರಿ, ಓದುವುದೂ ಬಿಡುವುದೂ ಆಕೆಯ ಇಷ್ಟ. ನಿಯೋಜನೆಯ ಮೇಲೆ ಬೇರೆ ಇಲಾಖೆಗೆ ಹೋದವನ ಲೀನ್, ಎಂದರೆ ಮೂಲ ಹುದ್ದೆಯ ಮೇಲಿನ ಹಕ್ಕು, ಇಲ್ಲಿ, ಕೆಲಸ ಅಲ್ಲಿ. ಜ್ಯೇಷ್ಠತೆಯ ಪಟ್ಟಿ, ಬಡ್ತಿಯ ಸೂಚನೆಗಳು ಅವನಿಗೆ ಇಲ್ಲಿಂದ ಹೋಗಲೇಬೇಕು, ದಿನದ ವ್ಯವಹಾರ ಬೇಕಿಲ್ಲ. ಅಮಾನತಿನಲ್ಲಿರುವವನು ಜೀವನಾಧಾರ ಭತ್ಯೆ ಪಡೆಯುವ ನೌಕರನೇ ಆಗಿರುತ್ತಾನೆ. ಆದರೆ ಅವನ ಮೇಲಿನ ವಿಚಾರಣೆಯ ಕಡತ ಸಂಚರಿಸುವ ಸಮೂಹದಲ್ಲಿ ಅವನ ಹೆಸರಿದ್ದರೆ ಅದು ಅವನಿಗೂ ವಿಚಾರಣೆ ನಡೆಸುವವರಿಗೂ ಅನ್ಯಾಯ. ಒಂದೇ ದೊಡ್ಡ ಸಮೂಹದಲ್ಲಿ ಎಲ್ಲವನ್ನೂ ತುಂಬದೆ, ಸೇವಾವಿಷಯಕ್ಕೊಂದು, ದಿನದ ಕೆಲಸಕ್ಕೊಂದು, ಗೋಪ್ಯ ವಿಚಾರಕ್ಕೊಂದು ಎಂದು ಬೇರೆಬೇರೆ ಇಟ್ಟುಕೊಂಡಲ್ಲಿ ಈ ಕಗ್ಗಂಟುಗಳಲ್ಲಿ ಮುಕ್ಕಾಲು ತಾವಾಗಿಯೇ ಸಡಿಲವಾಗುತ್ತವೆ. ಸೇವೆಯಲ್ಲಿರುವಾಗಲೇ ತೀರಿಹೋದ ಸಹೋದ್ಯೋಗಿಯ ಹೆಸರನ್ನು ತೆಗೆಯಲು ಕೈಗಳು ಹಿಂಜರಿಯುವುದು ಸಹಜ. ಆದರೆ ಆತನ ಮನೆಯವರ ಕೈಯಲ್ಲಿರುವ ಮೊಬೈಲಿಗೆ, ಹದಿಮೂರನೆಯ ದಿನದ ಹೊತ್ತಿನಲ್ಲಿ, "ತಾವು ಬಾಕಿ ಉಳಿಸಿಕೊಂಡಿರುವ ವರದಿಯನ್ನು ಕೂಡಲೇ ಸಲ್ಲಿಸುವುದು" ಎಂಬ ಜ್ಞಾಪನ ಬಂದು ಬೀಳುವುದನ್ನು ಯೋಚಿಸಿದರೆ, ಯಾವ ಹೆಸರನ್ನು ಎಲ್ಲಕ್ಕಿಂತ ಮೊದಲು ತೆಗೆಯಬೇಕೆಂಬುದರಲ್ಲಿ ಸಂದೇಹವುಳಿಯದು.

ಈಚೆಗೆ ಕಛೇರಿಯ ಸುತ್ತೋಲೆಗಳು ಮಿಂಚಂಚೆಯನ್ನೂ ಬಿಟ್ಟು ವಾಟ್ಸ್ಆ್ಯಪ್ ಗುಂಪುಗಳಿಗೆ ಇಳಿದಿವೆ. ಅಲ್ಲಿ ಯಜಮಾನನಿಗೆ ಅಡ್ಮಿನ್ ಎಂದು ಹೆಸರು. ಗುಂಪಿನಲ್ಲಿ ಯಾರೋ ಹಾಕಿದ ಆಕ್ಷೇಪಾರ್ಹ ಮಾತಿಗೆ ಅಡ್ಮಿನ್ ಹೊಣೆಯೇ ಎಂಬ ಪ್ರಶ್ನೆ ಬಂದಾಗ, ಮುಂಬಯಿ ಉಚ್ಚ ನ್ಯಾಯಾಲಯದ ನಾಗಪುರ ಪೀಠವು 2021ರಲ್ಲಿ, ಅವನಿಗಿರುವ ಅಧಿಕಾರವು ಸದಸ್ಯರನ್ನು ಸೇರಿಸುವುದೂ ತೆಗೆಯುವುದೂ ಇಷ್ಟಕ್ಕೇ ಬಹುಮಟ್ಟಿಗೆ ಸೀಮಿತವಾದುದರಿಂದ, ಸಮಾನ ಉದ್ದೇಶವು ಸಿದ್ಧವಾಗದ ಹೊರತು ಇತರರ ಮಾತಿಗೆ ಅವನನ್ನು ಹೊಣೆ ಮಾಡಲಾಗದೆಂದು ತೀರ್ಮಾನಿಸಿತು. ಒಪ್ಪತಕ್ಕ ತೀರ್ಮಾನ. ಆದರೆ ಆ ತರ್ಕವನ್ನೇ ತಿರುಗಿಸಿ ನೋಡಿದರೆ, ಇತರರ ಮಾತಿಗೆ ಹೊಣೆಯಲ್ಲದವನು ಸೇರಿಸುವ ಮತ್ತು ತೆಗೆಯುವ ಕೆಲಸಕ್ಕಾದರೂ ಪೂರ್ಣ ಹೊಣೆಯಾಗಬೇಕಲ್ಲವೆ? 2022ರಿಂದ ಈಚೆಗೆ ಆ ಗುಂಪುಗಳನ್ನು ಬಿಡುವವರ ಸುದ್ದಿ ಅಡ್ಮಿನ್‌ಗಳಿಗಷ್ಟೇ ತಿಳಿಯುತ್ತದೆ, ಎಲ್ಲರೆದುರು ಡಂಗುರವಾಗುವುದಿಲ್ಲ. ಬಿಡುವವನ ಸಂಕೋಚವನ್ನು ಕಳೆಯುವ ಈ ಸಣ್ಣ ಸೌಜನ್ಯವನ್ನು ಕಛೇರಿಗಳೂ ಅನುಸರಿಸಬಹುದು. ಇಷ್ಟಾದರೂ ಚುನಾವಣೆಯ ಕರ್ತವ್ಯಕ್ಕೆಂದು ಹತ್ತು ಇಲಾಖೆಗಳಿಂದ ಜನರನ್ನು ಕೂಡಿಸಿ ಕಟ್ಟಿದ ಗುಂಪುಗಳು, ಮತ ಎಣಿಕೆ ಮುಗಿದು, ಸರ್ಕಾರ ರಚನೆಯಾಗಿ, ಅದರ ಅವಧಿಯೂ ಕಳೆದ ಮೇಲೂ, ಹಬ್ಬದ ಶುಭಾಶಯಗಳನ್ನು ಹಂಚಿಕೊಳ್ಳುತ್ತ ಬದುಕಿರುತ್ತವೆ. ತಾತ್ಕಾಲಿಕವಾದ ಸಮೂಹಕ್ಕೆ ಹುಟ್ಟುವಾಗಲೇ ಮುಕ್ತಾಯದ ತಾರೀಖನ್ನು ಬರೆದಿಡತಕ್ಕದ್ದು.

ಇಲ್ಲಿಯವರೆಗೆ ಹೆಚ್ಚಾಗಿ ಇರಬಾರದವರ ಮಾತಾಯಿತು. ಇರಬೇಕಾಗಿಯೂ ಇಲ್ಲದವರ ಕೊರತೆ ಅದಕ್ಕಿಂತ ಗುರುತರವಾದುದು, ಮತ್ತು ನಾನು ಹೊಗಳಿದ ವೇತನದ ಬಿಲ್ಲು ಕೈಕೊಡುವುದೂ ಇಲ್ಲಿಯೇ. ಇಂದಿನ ಕಛೇರಿಯಲ್ಲಿ ದತ್ತಾಂಶ ನಮೂದಿಸುವವರು, ವಾಹನ ಚಾಲಕರು, ಕಾವಲುಗಾರರು, ಕಸ ಗುಡಿಸುವವರು, ಅನೇಕ ವೇಳೆ ಕಡತವನ್ನು ನಿಜವಾಗಿ ಮುಂದಕ್ಕೆ ತಳ್ಳುವವರು, ಹೊರಗುತ್ತಿಗೆಯ ಮೇಲೆ ಬಂದವರು. ಅವರ ಸಂಬಳ ಏಜೆನ್ಸಿಯ ಮೂಲಕ ಬರುವುದರಿಂದ ಕಛೇರಿಯ ಬಿಲ್ಲಿನಲ್ಲಿ ಅವರ ಹೆಸರಿಲ್ಲ. ಬಿಲ್ಲಿನಲ್ಲಿಲ್ಲವಾದುದರಿಂದ ಸಮೂಹದಲ್ಲಿಯೂ ಇಲ್ಲ. ನಾಳೆ ರಜೆಯೆಂಬುದು ಎಲ್ಲರಿಗೂ ಸಂಜೆಯೇ ತಿಳಿದಿರುವಾಗ, ಮೂರು ಬಸ್ಸು ಬದಲಾಯಿಸಿ ಬಂದು ಬೀಗ ನೋಡಿ ಹಿಂದಿರುಗುವವರು ಇವರೇ. ಬೆಂಕಿ ನಂದಿಸುವ ಅಭ್ಯಾಸದ ಸೂಚನೆ, ಕುಡಿಯುವ ನೀರು ಕೆಟ್ಟಿದೆಯೆಂಬ ಎಚ್ಚರಿಕೆ, ಲೈಂಗಿಕ ಕಿರುಕುಳದ ದೂರನ್ನು ಕೊಡಬೇಕಾದ ಸಮಿತಿಯ ಸದಸ್ಯರ ಹೆಸರುಗಳು, ಇವೆಲ್ಲ ಯಾರಿಗೆ ಎಲ್ಲರಿಗಿಂತ ಹೆಚ್ಚು ಬೇಕೋ ಅವರಿಗೇ ತಲಪುವುದಿಲ್ಲ. ಯಾರ ದುರುದ್ದೇಶವೂ ಇದರಲ್ಲಿಲ್ಲ. ಯಾವ ವಹಿಯನ್ನು ನೋಡಿ ಪಟ್ಟಿ ತಯಾರಾಯಿತೋ ಆ ವಹಿಯಲ್ಲಿ ಅವರಿರಲಿಲ್ಲ, ಅಷ್ಟೆ.

ಆಡಳಿತ ಶಾಖೆಯ ಗುಮಾಸ್ತನು ಮಾತ್ರ ಇದನ್ನು ಸರಿಪಡಿಸಬಲ್ಲನು. ಗಣಕಶಾಖೆಯವರಿಗೆ ತಿಳಿಯದ ಒಂದು ವಿಷಯ ಅವನಿಗೆ ತಿಳಿದಿರುತ್ತದೆ: ಬೆಳಗ್ಗೆ ಹತ್ತಕ್ಕೆ ಬಾಗಿಲಲ್ಲಿ ಯಾರು ಯಾರು ಒಳಗೆ ಬರುತ್ತಾರೆಂಬುದು. ಸಮೂಹದ ಪರಿಷ್ಕರಣಕ್ಕೆ ಅವನು ಕೂರುವ ದಿನ ವೇತನದ ಬಿಲ್ಲಿನ ಪಕ್ಕದಲ್ಲಿ ಹೊರಗುತ್ತಿಗೆಯವರ ಹಾಜರಾತಿ ಪುಸ್ತಕವನ್ನೂ ಇಟ್ಟುಕೊಳ್ಳಲಿ. ಅದು ಕೆಲವೆಡೆ ಏಜೆನ್ಸಿಯ ಮೇಲ್ವಿಚಾರಕನ ಚೀಲದಲ್ಲಿರುತ್ತದೆ. ಎರಡು ದಿನ ಮೊದಲೇ ಹೇಳಿ ತರಿಸಿಕೊಳ್ಳಬೇಕು.